ಸೆಕೋನಿಕ್ ಎಲ್-858ಡಿ ಲೈಟ್ ಮೀಟರ್: ಛಾಯಾಗ್ರಾಹಕರಿಗೆ ಎಷ್ಟು ಉಪಯೋಗ?

ಸೆಟ್‌ನಲ್ಲಿ ಅಷ್ಟು ದೊಡ್ಡ ಮಾನಿಟರ್ ಇರುವಾಗ ಬೆಳಕು ಅಳೆಯುವ ಮೀಟರ್ ಯಾಕೆ ಎಂದು ಕ್ಯಾಮೆರಾ ವಿಭಾಗಕ್ಕೆ ಹೊಸದಾಗಿ ಸೇರಿದವರು ಕೇಳುತ್ತಾರೆ. ಕ್ಯಾಮೆರಾ ಇನ್ನೂ ಗಾಡಿಯಿಂದ ಇಳಿಯದಿದ್ದಾಗಲೇ ಲೈಟಿಂಗ್ ಮುಗಿಸಬೇಕಾಗಿ ಬಂದರೆ ಉತ್ತರ ತಾನಾಗಿಯೇ ಸಿಗುತ್ತದೆ. ಅರ್ಧ ತೆಗೆದ ದೃಶ್ಯವನ್ನು ಹತ್ತು ದಿನ ಬಿಟ್ಟು ಅದೇ ಬೆಳಕಿನಲ್ಲಿ ಮುಂದುವರಿಸುವಾಗಲೂ ಅಷ್ಟೇ: ಬರೆದಿಟ್ಟ ಅಳತೆಯೇ ಕೈ ಹಿಡಿಯುವುದು.

ಬೀಳುವ ಬೆಳಕು ಅಳೆಯುವ ಬಿಳಿ ಡೋಮ್, ದೂರದಿಂದಲೇ ಒಂದು ಸಣ್ಣ ಜಾಗದ ಬೆಳಕು ಅಳೆಯುವ 1 ಡಿಗ್ರಿ ಸ್ಪಾಟ್ ಮೀಟರ್ ಎರಡೂ ಎಲ್-858ಡಿಯಲ್ಲಿ ಒಟ್ಟಿಗೇ ಇವೆ. ಡೋಮನ್ನು ನಟನ ಮುಖದ ಹತ್ತಿರ ಹಿಡಿದು ಕ್ಯಾಮೆರಾ ಕಡೆಗೆ ತಿರುಗಿಸಿದರೆ ಒಟ್ಟು ಎಕ್ಸ್‌ಪೋಷರ್, ಅಂದರೆ ಕ್ಯಾಮೆರಾಕ್ಕೆ ಎಷ್ಟು ಬೆಳಕು ಬಿಡಬೇಕೆಂಬ ಲೆಕ್ಕ, ಸಿಗುತ್ತದೆ. ಕೀ (ಮುಖ್ಯ ಲೈಟ್) ಮತ್ತು ಫಿಲ್ (ನೆರಳು ತುಂಬುವ ಲೈಟ್) ಬೇರೆಬೇರೆ ಅಳೆಯಬೇಕಾದರೆ ಡೋಮನ್ನು ಒಳಕ್ಕಿಳಿಸಿ, ಆಯಾ ಲೈಟಿನ ಕಡೆ ತಿರುಗಿಸಿ, ಇನ್ನೊಂದರ ಬೆಳಕಿಗೆ ಅಂಗೈ ಅಡ್ಡ ಹಿಡಿಯಿರಿ. ಕೀ 5.6, ಫಿಲ್ 2.8 (ಲೆನ್ಸಿನ ಕಿಂಡಿಯ ಎಫ್ ಸಂಖ್ಯೆ) ಬಂದರೆ ಎರಡು ಸ್ಟಾಪ್ ಅಂತರ; ಒಂದೊಂದು ಸ್ಟಾಪಿಗೂ ಬೆಳಕು ಎರಡು ಪಟ್ಟು, ಅಂದರೆ 4:1. ಅಂಗೈ ಅಡ್ಡ ಇಡುವುದನ್ನು ಮರೆತರೆ ಅನುಪಾತ ಪೂರ್ತಿ ಸುಳ್ಳಾಗುತ್ತದೆ.

ಸ್ಪಾಟ್ ಬಳಸುವಾಗ ಎಚ್ಚರ ಬೇಕು. ತೋರಿಸಿದ ಜಾಗವನ್ನೆಲ್ಲ ಅದು ಮಧ್ಯಮ ಬೂದು ಎಂದೇ ಭಾವಿಸುತ್ತದೆ. ಬಿಳಿ ಪಂಚೆಯ ಮೇಲಿನ ರೀಡಿಂಗನ್ನು ಹಾಗೇ ಲೆನ್ಸಿಗೆ ಹಾಕಿದರೆ ಮುಖ ಕತ್ತಲಾಗುತ್ತದೆ. ಕಪ್ಪು ಕಂಬಳಿಯ ಮೇಲಿನದನ್ನು ಹಾಕಿದರೆ ಎಲ್ಲವೂ ಬೆಳ್ಳಗಾಗುತ್ತದೆ. ಕಿಟಕಿ, ಆಕಾಶ, ಹಿನ್ನೆಲೆಯ ಗೋಡೆ ಕೀಗಿಂತ ಎಷ್ಟು ಸ್ಟಾಪ್ ಮೇಲೆ ಕೆಳಗೆ ಇವೆ ಎಂದು ನೋಡುವುದಕ್ಕೆ ಮಾತ್ರ ಇದಕ್ಕೆ ಸಾಟಿಯಿಲ್ಲ.

ಸಿನಿ ಮೋಡ್‌ನಲ್ಲಿ ಫ್ರೇಮ್ ರೇಟ್ (ಸೆಕೆಂಡಿಗೆ ಎಷ್ಟು ಫ್ರೇಮ್), ಶಟರ್ ಆ್ಯಂಗಲ್ (ಪ್ರತಿ ಫ್ರೇಮಿಗೆ ಶಟರ್ ಎಷ್ಟು ಹೊತ್ತು ತೆರೆದಿರುತ್ತದೆ ಎಂಬುದರ ಅಳತೆ) ಹಾಕಿಕೊಳ್ಳಬಹುದು. ನಮ್ಮ ಕರೆಂಟ್ 50 ಹರ್ಟ್ಸ್ ಆದ್ದರಿಂದ ಟ್ಯೂಬ್‌ಲೈಟ್ ಇರುವ ಜಾಗದಲ್ಲಿ 24 ಫ್ರೇಮಿಗೆ ಕ್ಯಾಮೆರಾ ಶಟರ್ 172.8 ಡಿಗ್ರಿ, ಅಂದರೆ ಸೆಕೆಂಡಿನ ಐವತ್ತನೇ ಒಂದು ಭಾಗ ಇರಬೇಕು; ಇಲ್ಲದಿದ್ದರೆ ಚಿತ್ರ ಮಿಣುಕಬಹುದು. ಮೀಟರಿನಲ್ಲಿ 180 ಇದ್ದರೂ ತೊಂದರೆಯಿಲ್ಲ, ವ್ಯತ್ಯಾಸ ಒಂದು ಸ್ಟಾಪಿನ ಹದಿನೇಳನೇ ಒಂದು ಭಾಗವಷ್ಟೇ. 48 ಫ್ರೇಮಿಗೆ ಹೋದರೆ ಮಾತ್ರ ಮೀಟರಿನಲ್ಲೂ ತಪ್ಪದೆ ಬದಲಿಸಿ, ಅಲ್ಲಿ ಪೂರ್ತಿ ಒಂದು ಸ್ಟಾಪ್ ಹೋಗುತ್ತದೆ.

ಹೆಚ್ಚು ಎಡವುವುದು ಲೆನ್ಸಿಗೆ ಬರುವ ಬೆಳಕನ್ನು ಕಡಿಮೆ ಮಾಡುವ ಎನ್‌ಡಿ ಫಿಲ್ಟರಿನಲ್ಲಿ. 0.6 ಎನ್‌ಡಿ ಎಂದರೆ ಎರಡು ಸ್ಟಾಪ್. ಅದನ್ನು ಮೀಟರಿಗೂ ಹಾಕಿ, ಮನಸ್ಸಿನಲ್ಲೂ ಇನ್ನೊಮ್ಮೆ ಕಳೆದರೆ ನಾಲ್ಕು ಸ್ಟಾಪ್ ಆಗುತ್ತದೆ. ಲೆಕ್ಕ ಒಂದೇ ಕಡೆ ಇರಲಿ.

ಕೊರತೆಗಳೂ ಇವೆ. ಉರಿಬಿಸಿಲಿನಲ್ಲಿ ಟಚ್‌ಸ್ಕ್ರೀನ್ ಓದುವುದು ಕಷ್ಟ, ಬೆವರಿದ ಬೆರಳಿಗೆ ಅದು ಸರಿಯಾಗಿ ಸ್ಪಂದಿಸುವುದಿಲ್ಲ. ಎರಡು ಎಎ ಸೆಲ್ ಹಾಕಬೇಕು, ಜೇಬಿನಲ್ಲಿ ಇನ್ನೊಂದು ಜೊತೆ ಇರಲೇಬೇಕು. ಕಲರ್ ಟೆಂಪರೇಚರ್ (ಬೆಳಕು ಎಷ್ಟು ಹಳದಿ, ಎಷ್ಟು ನೀಲಿ ಎಂಬುದು) ಇದು ಅಳೆಯುವುದಿಲ್ಲ. ಬೇರೆಬೇರೆ ಕಂಪನಿಯ ಎಲ್‌ಇಡಿ ಬೆರೆಸಿ ಬಳಸುವ ಯೂನಿಟ್ಟಿಗೆ ಕಲರ್ ಮೀಟರ್ ಬೇರೆಯೇ ಬೇಕು.

ಅಸಿಸ್ಟೆಂಟ್ ಆಗಿ ಈಗಷ್ಟೇ ಸೇರಿದವರು ಇಷ್ಟು ದುಡ್ಡು ಸುರಿಯುವುದು ಬೇಡ. ಅದೇ ಕಂಪನಿಯ ಎಲ್-308ಎಕ್ಸ್‌ಗೆ ಒಂದೇ ಎಎ ಸೆಲ್ ಸಾಕು, ಸಿನಿ ಮೋಡ್ ಇದೆ, ಸ್ಪಾಟ್ ಮಾತ್ರ ಇಲ್ಲ. ಸ್ವತಂತ್ರ ಛಾಯಾಗ್ರಾಹಕರಾದಾಗ 858 ಕೊಳ್ಳಿ. ಸೆಕೆಂಡ್‌ಹ್ಯಾಂಡ್ ಆದರೆ ಡೋಮ್ ಹಳದಿಯಾಗಿದೆಯೇ ನೋಡಿ. ನಂಬಿಕೆಯ ಇನ್ನೊಂದು ಮೀಟರನ್ನು ಅದೇ ಲೈಟಿನ ಕೆಳಗೆ ಪಕ್ಕದಲ್ಲಿ ಹಿಡಿಯಿರಿ. ಆಮೇಲೆ ಮಧ್ಯಮ ಬೂದು ಬಣ್ಣದ 18 ಶೇಕಡಾ ಗ್ರೇ ಕಾರ್ಡ್ ಮೇಲೆ ಸ್ಪಾಟ್ ಹಾಗೂ ಡೋಮ್ ರೀಡಿಂಗ್ ಹೋಲಿಸಿ, ಎರಡೂ ಹೆಚ್ಚುಕಡಿಮೆ ಒಂದೇ ಬಂದರೆ ದುಡ್ಡು ಕೊಡಿ.