ಕೈಮಿಸಲ್, ಭಾನುವಾರದ ಹಾಳೆ, ಆ್ಯಪ್: ಬಲಿಪೂಜೆಯಲ್ಲಿ ಯಾವುದು ಕೈಹಿಡಿಯುತ್ತದೆ?

ಕೈಮಿಸಲ್ ಎಂದರೆ ಕಥೋಲಿಕರ ಬಲಿಪೂಜೆಯ ಪ್ರಾರ್ಥನೆಗಳನ್ನೂ ಬೈಬಲ್ ವಾಚನಗಳನ್ನೂ ಜನ ಕೈಯಲ್ಲಿ ಹಿಡಿದು ಅನುಸರಿಸುವ ಪುಸ್ತಕ. ಅದನ್ನು ಕೊಳ್ಳುವಾಗ ಮೊದಲು ಮುದ್ರಣದ ಇಸವಿ ನೋಡಿ. ಹೊದಿಕೆ ಎಷ್ಟೇ ಚೆಂದವಿರಲಿ, ಹಳೆಯ ಲತೀನ್ ಪೂಜೆಯ 1962ರ ಮಿಸಲ್ಲನ್ನು ಅನುಸರಿಸಿದ ಪುಸ್ತಕ ಇಂದಿನ ಸಾಮಾನ್ಯ ಭಾನುವಾರದ ಪೂಜೆಗೆ ಹೊಂದುವುದಿಲ್ಲ. ಗುರುತು ಹಿಡಿಯುವುದು ಸುಲಭ: ಅದರಲ್ಲಿ ಭಾನುವಾರಕ್ಕೆ ಒಂದೇ ಸರಣಿ ವಾಚನಗಳಿರುತ್ತವೆ, ಸರದಿಯಂತೆ ಸುತ್ತುವ ಎ, ಬಿ, ಸಿ ಎಂಬ ವರ್ಷಗಳೇ ಇರುವುದಿಲ್ಲ. ಇಂಗ್ಲಿಷ್ ಮಿಸಲ್ಲಾದರೆ ಇನ್ನೊಂದು ಗಡಿ ಇದೆ. 2011ರ ಆಗಮನ ಕಾಲದಿಂದ (ಕ್ರಿಸ್ಮಸ್‌ಗೆ ಮುಂಚಿನ ಸಿದ್ಧತೆಯ ವಾರಗಳು) ಹೊಸ ಅನುವಾದ ಜಾರಿಗೆ ಬಂದದ್ದರಿಂದ ಅದಕ್ಕೂ ಹಿಂದಿನ ಪ್ರತಿಗಳಲ್ಲಿ ಜನರ ಉತ್ತರಗಳೇ ಬೇರೆ. ಹಳೇ ಪುಸ್ತಕದ ರಾಶಿಯಲ್ಲಿ ಅಗ್ಗಕ್ಕೆ ಸಿಗುವುದು ಹೆಚ್ಚಾಗಿ ಇಂಥವೇ.

ಇಸವಿ ಸರಿಯಿದ್ದರೆ ಭಾನುವಾರದ ಮಿಸಲ್ ಒಳ್ಳೆಯ ಹೂಡಿಕೆ. ಮೂರೂ ವರ್ಷದ ವಾಚನಗಳು ಅದರಲ್ಲೇ ಇರುವುದರಿಂದ ಅನುವಾದ ಬದಲಾಗುವವರೆಗೆ ಹಳತಾಗುವುದಿಲ್ಲ. ಯೇಸುವಿನ ಬದುಕನ್ನು ಹೇಳುವ ಶುಭಸಂದೇಶಗಳಲ್ಲಿ ಎ ವರ್ಷಕ್ಕೆ ಮತ್ತಾಯ, ಬಿಗೆ ಮಾರ್ಕ, ಸಿಗೆ ಲೂಕ. ಯೊವಾನ್ನರ ಶುಭಸಂದೇಶ ಹೆಚ್ಚಾಗಿ ಪಾಸ್ಕ (ಈಸ್ಟರ್) ಕಾಲದಲ್ಲಿ, ಜೊತೆಗೆ ಬಿ ವರ್ಷದ ಸಾಧಾರಣ ಕಾಲದ (ವಿಶೇಷ ಕಾಲಗಳ ಹೊರಗಿನ ವಾರಗಳು) 17ರಿಂದ 21ನೆಯ ಭಾನುವಾರಗಳಲ್ಲಿ ಬರುತ್ತದೆ. ಇಸವಿ 3ರಿಂದ ಶೇಷವಿಲ್ಲದೆ ಭಾಗವಾದರೆ ಅದು ಸಿ ವರ್ಷ. ಆದರೆ ಆಗಮನ ಕಾಲದ ಮೊದಲ ಭಾನುವಾರಕ್ಕೇ ಮುಂದಿನ ವರ್ಷದ ಲೆಕ್ಕ ಶುರು. ಡಿಸೆಂಬರಿನಲ್ಲಿ ಪುಟ ತಪ್ಪುವುದು ಇದನ್ನು ಮರೆತಾಗಲೇ.

ವಾರದ ದಿನಗಳನ್ನೂ ಸೇರಿಸಿದ ಒಂದೇ ಸಂಪುಟದ ಮಿಸಲ್ ಎರಡು ಸಾವಿರ ಪುಟ ದಾಟುವುದುಂಟು. ಕಾಗದ ಈರುಳ್ಳಿ ಸಿಪ್ಪೆಯಷ್ಟು ತೆಳು, ಅಕ್ಷರ ಚಿಕ್ಕದು. ದಿನಾ ಪೂಜೆಗೆ ಹೋಗದವರಿಗೆ ಅಷ್ಟು ಭಾರ ಬೇಡ.

ಮಿಸಲ್ಲಿನ ಜೀವ ಇರುವುದು ರಿಬ್ಬನ್‌ಗಳಲ್ಲಿ. ಕನಿಷ್ಠ ಮೂರಾದರೂ ಇರಬೇಕು: ಒಂದು ಪೂಜಾಕ್ರಮಕ್ಕೆ, ಒಂದು ಆ ಭಾನುವಾರದ ಪ್ರಾರ್ಥನೆ-ವಾಚನಗಳಿಗೆ, ಮತ್ತೊಂದು ರೊಟ್ಟಿ-ದ್ರಾಕ್ಷಾರಸದ ಮೇಲೆ ಗುರುಗಳು (ಪಾದ್ರಿಗಳು) ಹೇಳುವ ಪರಮಪ್ರಸಾದ ಪ್ರಾರ್ಥನೆಗಳಿಗೆ. ಪೂಜೆ ಶುರುವಾಗುವ ಮೊದಲೇ ಇವನ್ನು ಇಟ್ಟುಕೊಳ್ಳದಿದ್ದರೆ ಆರಂಭದ ಸ್ತುತಿಯಾದ ಮಹಿಮಾಗೀತೆ ಮುಗಿಯುವ ತನಕ ಪುಟ ಹುಡುಕುವುದೇ ಕೆಲಸ. ಆಗಮನ ಕಾಲ, ಈಸ್ಟರ್‌ಗೆ ಮುಂಚಿನ ತಪಸ್ಸು ಕಾಲದ ಭಾನುವಾರಗಳಲ್ಲಿ ಮಹಿಮಾಗೀತೆಯೇ ಇಲ್ಲ. ಅಲ್ಲೂ ಹೊಸಬರು ಒಂದು ಪುಟ ಹಿಂದೆ ಉಳಿಯುತ್ತಾರೆ.

ಹೆಚ್ಚು ಜನ ದಾರಿ ತಪ್ಪುವುದು ‘ಪರಿಶುದ್ಧ, ಪರಿಶುದ್ಧ’ ಎಂಬ ಸ್ತುತಿ ಮುಗಿದ ಕೂಡಲೇ. ಸಂಖ್ಯೆ ಹಾಕಿದ ಹಲವು ಪರಮಪ್ರಸಾದ ಪ್ರಾರ್ಥನೆಗಳಲ್ಲಿ ಯಾವುದು ಎಂಬುದನ್ನು ಗುರುಗಳು ಆರಿಸುತ್ತಾರೆ, ಮೊದಲೇ ಹೇಳುವುದಿಲ್ಲ. ಎರಡನೆಯದೂ ಮೂರನೆಯದೂ ದೇವರ ಪಾವಿತ್ರ್ಯದ ಮಾತಿನಿಂದಲೇ ಆರಂಭ. ಅದರ ಮುಂದಿನ ಮಾತಿಗೆ ಕಿವಿಗೊಡಿ: ಪಾವಿತ್ರ್ಯದ ಬುಗ್ಗೆ ಎಂಬ ಅರ್ಥ ಬಂದರೆ ಎರಡನೆಯದು, ಸೃಷ್ಟಿಯ ಪ್ರಸ್ತಾಪ ಬಂದರೆ ಮೂರನೆಯದು. ಭಾನುವಾರ, ಹಬ್ಬಗಳಿಗೆ ಮೂರನೆಯದು, ವಾರದ ದಿನಗಳಿಗೆ ಎರಡನೆಯದು ಹೆಚ್ಚು ಸೂಕ್ತವೆಂದು ಪೂಜಾಗ್ರಂಥದ ಮುನ್ನಿರ್ದೇಶನವೇ ಸೂಚಿಸುತ್ತದೆ. ರಿಬ್ಬನ್ನನ್ನು ದಿನಕ್ಕೆ ತಕ್ಕಂತೆ ಅಲ್ಲಿಟ್ಟರೆ ಹೆಚ್ಚಿನ ಸಲ ಸರಿಹೋಗುತ್ತದೆ. ಸಿಗದಿದ್ದರೆ ಪುಸ್ತಕ ಮುಚ್ಚಿ, ಪೀಠದ ಕಡೆ ನೋಡಿ, ನಷ್ಟವೇನಿಲ್ಲ.

ಧರ್ಮಕೇಂದ್ರದಲ್ಲಿ (ಊರಿನ ಚರ್ಚಿನಲ್ಲಿ) ಹಂಚುವ ಭಾನುವಾರದ ಹಾಳೆಗೆ ಈ ಹುಡುಕಾಟದ ಕಾಟವಿಲ್ಲ. ಮೊದಲ ಸಲ ಬಂದವರ ಕೈಗೆ ಕೊಡಲು ಇದಕ್ಕಿಂತ ಒಳ್ಳೆಯದಿಲ್ಲ, ಚೆನ್ನಾಗಿ ಮಾಡಿದ್ದರೆ ಮಾತ್ರ. ಎ4 ಹಾಳೆಯನ್ನು ಒಮ್ಮೆ ಮಡಚಿದರೆ ನಾಲ್ಕು ಪುಟ. ಒಳಪುಟದಿಂದ ಹಿಂಬದಿಗೆ ತಿರುಗಿಸುವ ಜಾಗ ಪ್ರಬೋಧನೆಯ (ಗುರುಗಳ ಉಪದೇಶದ) ಹೊತ್ತಿಗೆ ಬೀಳುವಂತೆ ಜೋಡಿಸಬೇಕು. ಶುಭಸಂದೇಶದ ನಡುವೆ ಬಿದ್ದರೆ ಇಡೀ ದೇವಾಲಯ ಒಟ್ಟಿಗೆ ಸರಬರ ಎನ್ನುತ್ತದೆ, ಓದುವವರ ಒಂದು ಸಾಲು ಅದರಲ್ಲಿ ಮುಳುಗುತ್ತದೆ. ಅಕ್ಷರ 12 ಪಾಯಿಂಟಿಗಿಂತ ಚಿಕ್ಕದಾದರೆ ವಯಸ್ಸಾದವರು ಕೈಬಿಡುತ್ತಾರೆ.

ಹಾಳೆಯ ಗುಣಮಟ್ಟ ಅಳೆಯಲು ಮೂರು ಕಡೆ ನೋಡಿದರೆ ಸಾಕು. ಅರ್ಪಣೆಯ ಬಳಿಕ, ‘ಪ್ರಾರ್ಥಿಸಿರಿ’ ಎಂದು ಗುರುಗಳು ಕರೆದಾಗ ಜನ ಎದ್ದು ನಿಂತು ಉತ್ತರಿಸಬೇಕು. ಎಷ್ಟೋ ಹಾಳೆಗಳಲ್ಲಿ ‘ನಿಲ್ಲಿರಿ’ ಎಂಬ ಸೂಚನೆ ಉತ್ತರದ ನಂತರ ಇರುತ್ತದೆ, ಸಭೆ ಅರ್ಧ ಎದ್ದು ಅರ್ಧ ಕೂತಿರುತ್ತದೆ. ವಿಶ್ವಾಸ ಪ್ರಮಾಣದಲ್ಲಿ, ಕ್ರಿಸ್ತರು ಮನುಷ್ಯರಾದ ಸಾಲಿಗೆ ತಲೆಬಾಗುವ ಸೂಚನೆ ಇರಬೇಕು. ಕ್ರಿಸ್ಮಸ್ ದಿನವೂ ಯೇಸು ಹುಟ್ಟುವ ಸುದ್ದಿಯನ್ನು ದೇವದೂತ ಮರಿಯಳಿಗೆ ತಿಳಿಸಿದ ಮಂಗಳವಾರ್ತೆಯ ಹಬ್ಬದಂದೂ ಅಲ್ಲಿ ಮೊಣಕಾಲೂರಬೇಕು. ಪರಮಪ್ರಸಾದ ಪ್ರಾರ್ಥನೆಯ ಕೊನೆಯ ಸ್ತುತಿಯನ್ನು ಜನರ ಪಾಲೆಂಬಂತೆ ದಪ್ಪಕ್ಷರದಲ್ಲಿ ಅಚ್ಚುಹಾಕಿದ್ದರೆ ಅದು ತಪ್ಪು. ಆ ಸ್ತುತಿ ಗುರುಗಳದು, ‘ಆಮೆನ್’ ಜನರದು. ಸ್ತುತಿಯನ್ನೂ ಜನ ಜೊತೆಗೇ ಹೇಳಿಬಿಟ್ಟರೆ ಆ ಆಮೆನ್ ಬಡಕಲಾಗುತ್ತದೆ.

ವಾಚನಗಳನ್ನು ಪೂರ್ತಿ ಅಚ್ಚುಹಾಕಬೇಕೇ? ಕಿವಿ ಮಂದವಿದ್ದವರಿಗೆ, ಭಾಷೆ ಹೊಸತಾದವರಿಗೆ ಬೇಕು. ಕೆಲವು ಪ್ರತಿ ಬೇರೆಯಾಗಿ ಇಟ್ಟರಾಯಿತು. ಉಳಿದವರು ಕೇಳಲಿ. ವಾಚಕರು ಓದುತ್ತಿರುವಾಗ ಎಲ್ಲರ ಕಣ್ಣು ಹಾಳೆಯಲ್ಲಿದ್ದರೆ ಘೋಷಣೆ ಬರೀ ಹಿನ್ನೆಲೆ ಧ್ವನಿ. ಕೀರ್ತನೆಯ ಪಲ್ಲವಿ ಮಾತ್ರ ತಪ್ಪದೆ ಇರಲಿ, ಉದ್ದದ ಪಲ್ಲವಿ ಮೂರನೇ ಚರಣದ ಹೊತ್ತಿಗೆ ಬಾಯಿಗೆ ಬರುವುದಿಲ್ಲ. ಮೌನಕ್ಕೂ ಒಂದು ಸಾಲು ಕೊಡಿ. ‘ಪ್ರಾರ್ಥಿಸೋಣ’ ಎಂದ ಮೇಲಿನ ವಿರಾಮ ಗುರುಗಳು ಪುಟ ಹುಡುಕಲು ತೆಗೆದುಕೊಂಡ ಸಮಯವೆಂದೇ ಬಹಳ ಜನ ತಿಳಿದಿದ್ದಾರೆ.

ಆ್ಯಪ್‌ಗಳ ಎಡವಟ್ಟು ಪಂಚಾಂಗದಲ್ಲಿ. ಪ್ರಭುವಿನ ಸ್ವರ್ಗಾರೋಹಣದ ಹಬ್ಬ ಕೆಲವು ದೇಶಗಳಲ್ಲಿ ಗುರುವಾರ, ಕೆಲವೆಡೆ ಮುಂದಿನ ಭಾನುವಾರ. ಪ್ರದೇಶದ ಆಯ್ಕೆ ತಪ್ಪಿದ್ದರೆ ಬೇರೆಯದೇ ವಾಚನ ತೆರೆದುಕೊಳ್ಳುತ್ತದೆ. ಶನಿವಾರ ಸಂಜೆಯ ಪೂಜೆ ಭಾನುವಾರದ್ದಾದರೂ ಆ್ಯಪ್ ತಾರೀಖು ನೋಡಿ ಶನಿವಾರದ ವಾಚನ ತೋರಿಸುತ್ತದೆ, ನಾವೇ ಒಂದು ದಿನ ಮುಂದೆ ಸರಿಸಬೇಕು. ಮನೆಯಲ್ಲಿ ಹಿಂದಿನ ರಾತ್ರಿ ವಾಚನ ಓದಿಕೊಳ್ಳಲು ಆ್ಯಪ್ ಉತ್ತಮ. ದೇವಾಲಯದೊಳಗೆ ಏರೋಪ್ಲೇನ್ ಮೋಡ್‌ನಲ್ಲೂ ತೆರೆಯುವಂತಿದ್ದರೆ ಮಾತ್ರ ಇಟ್ಟುಕೊಳ್ಳಿ.

ಗೋಡೆಯ ಪರದೆಗೆ ಒಂದೇ ಮಾತು: ಸ್ಲೈಡ್ ಬದಲಿಸುವವರಿಗೆ ಪೂಜಾಕ್ರಮ ಬಾಯಿಪಾಠವಿರಬೇಕು. ಉತ್ತರದ ಸ್ಲೈಡ್ ಗುರುಗಳ ಮಾತು ಮುಗಿಯುವ ಮೊದಲೇ ಬರಬೇಕು. ಒಂದು ಕ್ಷಣ ತಡವಾದರೂ ಪಾಠ ಬಲ್ಲವರು ಸಹ ಬಾಯಿ ಮುಚ್ಚಿ ಪರದೆಗೆ ಕಾಯುತ್ತಾರೆ.