ಸಿಂಕಿನ ಬಿಳಿ ಕಲೆಗೆ ಆಸಿಡ್ ಹಾಕಬೇಡಿ, ನಾನು ಹಾಕಿ ಕೆಟ್ಟೆ

ಕೋಲಾರದ ಬೋರ್ ನೀರಿನ ಕಥೆ ಇಲ್ಲಿಯವರಿಗೆ ಹೊಸದೇನಲ್ಲ. ಪಾತ್ರೆ ತೊಳೆದು ಕವುಚಿಟ್ಟರೆ ಒಣಗುವಷ್ಟರಲ್ಲಿ ಬಿಳಿ ಚುಕ್ಕೆ. ನಮ್ಮ ಸ್ಟೀಲ್ ಸಿಂಕಿಗೆ ಇನ್ನೂ ಎರಡು ವರ್ಷ ತುಂಬಿರಲಿಲ್ಲ, ನಲ್ಲಿಯ ಕೆಳಗೆ ಸುಣ್ಣ ಬಳಿದ ಹಾಗೆ ಪೊರೆ ಕಟ್ಟಿತ್ತು. ಯುಗಾದಿಗೆ ನಾದಿನಿ ಮನೆಯವರು ಬರುವವರಿದ್ದರು. ಅವರು ಏನೂ ಅನ್ನುವುದಿಲ್ಲ, ಸುಮ್ನೆ ನೋಡುತ್ತಾರೆ. ಅದೇ ಕಷ್ಟ.

ಅಂಗಡಿಯವನು "ಆಸಿಡ್ ಹಾಕಿ ಅಕ್ಕಾ, ಐದೇ ನಿಮಿಷ" ಅಂದ. ಹಳೇ ನೀರಿನ ಬಾಟಲಿಯಲ್ಲಿ ತುಂಬಿಟ್ಟದ್ದು, ಮೇಲೆ ಹೆಸರೂ ಇಲ್ಲ. ಚಿಲ್ಲರೆ ಆಸಿಡ್ ಮಾರಾಟಕ್ಕೆ ಸುಪ್ರೀಂ ಕೋರ್ಟ್ 2013ರಲ್ಲೇ ಕಟ್ಟುಪಾಡು ಹಾಕಿದೆ, ಕೊಂಡವರ ವಿವರ ಬರೆದಿಡಬೇಕು. ನನ್ನ ಹೆಸರನ್ನು ಯಾರೂ ಕೇಳಲಿಲ್ಲ. ನಾನೂ ಏನೂ ಕೇಳಲಿಲ್ಲ, ತಪ್ಪು ಇಬ್ಬರದೂ.

ಸುರಿದ ತಕ್ಷಣ ಬುಸುಬುಸು ನೊರೆ ಬಂತು. ಕೆಲಸ ಆಗುತ್ತಿದೆ ಅಂತ ಖುಷಿಯಾಗಿ ಹೂರಣ ರುಬ್ಬಲು ಹೋದೆ. ಇಪ್ಪತ್ತು ನಿಮಿಷ ಬಿಟ್ಟು ಬಂದು ನೋಡಿದರೆ ಬಿಳಿ ಹೋಗಿತ್ತು, ಜೊತೆಗೆ ಹೊಳಪೂ ಹೋಗಿತ್ತು. ತಳವೆಲ್ಲಾ ಮಾಸಲು ಬೂದಿ ಬಣ್ಣ, ಅಲ್ಲಲ್ಲಿ ಕಪ್ಪು ಮಚ್ಚೆ.

ಇಲ್ಲಿಗೆ ನಿಲ್ಲಿಸಿದ್ದರೆ ಸಿಂಕು ಮಾತ್ರ ಹಾಳಾಗುತ್ತಿತ್ತು. ಗಾಬರಿಯಲ್ಲಿ, ತೊಳೆಯದೆಯೇ, ಅದರ ಮೇಲೆ ಬಿಳಿ ಬಟ್ಟೆಗೆ ಹಾಕುವ ಬ್ಲೀಚ್ ಸುರಿದೆ. ಒಂದೇ ಉಸಿರಿಗೆ ಗಂಟಲು ಹಿಡಿಯಿತು, ಕಣ್ಣು ಉರಿ, ಕೆಮ್ಮು ನಿಲ್ಲುತ್ತಿಲ್ಲ. ಮಗಳ ಕೈ ಹಿಡಿದುಕೊಂಡು ಟೆರೇಸಿಗೆ ಓಡಿದೆ. ಆಸಿಡ್ಡಿಗೆ ಬ್ಲೀಚ್ ಸೇರಿದರೆ ಕ್ಲೋರಿನ್ ಅನಿಲ ಬರುತ್ತದೆ. ಮುಚ್ಚಿದ ಅಡುಗೆಮನೆಯಲ್ಲಿ ಅದು ಪ್ರಾಣಕ್ಕೇ ಕುತ್ತು. ನಮ್ಮ ಪುಣ್ಯ, ಕಿಟಕಿ ತೆರೆದಿತ್ತು. ವಾಸನೆ ಪೂರ್ತಿ ಹೋಗುವ ತನಕ ಯಾರೂ ಒಳಗೆ ಕಾಲಿಡಲಿಲ್ಲ. ಇನ್ನೇನು ಮರೆತರೂ ಇದೊಂದನ್ನು ಮನೆಯ ಎಲ್ಲರಿಗೂ ಹೇಳಿಡಿ.

ಸ್ಟೀಲ್ ಯಾಕೆ ಕಪ್ಪಾಯಿತು ಅಂತ ಆಮೇಲೆ ತಿಳಿಯಿತು. ಸಿಂಕಿನ ಸ್ಟೀಲಿನಲ್ಲಿ ಸುಮಾರು ಶೇ. 18 ಕ್ರೋಮಿಯಂ ಇರುತ್ತದೆ. ಅದು ಗಾಳಿಯ ಜೊತೆ ಸೇರಿ ಮೇಲೆ ಕಣ್ಣಿಗೆ ಕಾಣದಷ್ಟು ತೆಳ್ಳಗಿನ ಪೊರೆ ಕಟ್ಟುತ್ತದೆ. ತುಕ್ಕು ತಡೆಯುವುದು ಆ ಪೊರೆಯೇ. ಸಣ್ಣ ಗೀರು ಬಿದ್ದರೆ ತಾನೇ ಮತ್ತೆ ಕಟ್ಟಿಕೊಳ್ಳುತ್ತದೆ. ಆದರೆ ಬಾತ್‌ರೂಮಿಗೆ ಅಂತ ಮಾರುವ ಹೈಡ್ರೋಕ್ಲೋರಿಕ್ ಆಸಿಡ್ ಪೊರೆಯನ್ನೂ ತಿಂದು ಸ್ಟೀಲಿಗೆ ಗುಳಿ ಬೀಳಿಸುತ್ತದೆ. ಬ್ಲೀಚ್ ಒಂದನ್ನೇ ಜಾಸ್ತಿ ಹೊತ್ತು ಬಿಟ್ಟರೂ ಇದೇ ಪಾಡು.

ಮಾರನೆಯ ದಿನ ಕಬ್ಬಿಣದ ನಾರು ಹಿಡಿದು ಉಜ್ಜಿದೆ, ಬುದ್ಧಿ ಇನ್ನೂ ಬಂದಿರಲಿಲ್ಲ. ಅದರ ಚೂರುಗಳು ಗುಳಿಗಳಲ್ಲಿ ಸಿಕ್ಕಿ, ಹಬ್ಬದ ಬೆಳಗ್ಗೆ ಕಿತ್ತಳೆ ಬಣ್ಣದ ತುಕ್ಕಿನ ಚುಕ್ಕೆ!

ಪಕ್ಕದ ಮನೆಯ ಆಂಟಿ ಬಂದು ನೋಡಿ, "ಆ ಬಿಳಿ ಸಿಂಕಿನದ್ದಲ್ಲಮ್ಮಾ, ನೀರಿನದು. ಹುಣಸೆಹಣ್ಣು ಇರಲಿಲ್ವಾ ಮನೇಲಿ?" ಅಂದರು. ಇತ್ತು. ಡಬ್ಬಿ ತುಂಬಾ ಇತ್ತು.

ಈಗ ಹುಣಸೆ ರಸ ಇಲ್ಲವೇ ವಿನೆಗರ್‌ನಲ್ಲಿ ಬಟ್ಟೆ ಅದ್ದಿ ಕಲೆಯ ಮೇಲೆ ಹತ್ತು ನಿಮಿಷ ಹಾಸುತ್ತೇನೆ. ಆಮೇಲೆ ಮೆತ್ತನೆ ಸ್ಪಂಜಿನಿಂದ ಸ್ಟೀಲಿನ ಗೆರೆ ಹೋದ ಕಡೆಗೇ ಉಜ್ಜುತ್ತೇನೆ, ಸುತ್ತಿಸಿ ಉಜ್ಜಿದರೆ ಗೀರು ಎದ್ದು ಕಾಣುತ್ತದೆ. ಜಿಡ್ಡಿದ್ದರೆ ಅಡುಗೆ ಸೋಡಾ, ಆದರೆ ಅದನ್ನು ಹುಳಿಯ ಜೊತೆ ಕಲಸುವುದಿಲ್ಲ. ಒಂದು ಇನ್ನೊಂದರ ಶಕ್ತಿ ಕಳೆಯುತ್ತದೆ, ಬರೀ ನೊರೆ. ಚೆನ್ನಾಗಿ ತೊಳೆದು, ರಾತ್ರಿ ಮಲಗುವ ಮುಂಚೆ ಒಣಬಟ್ಟೆಯಿಂದ ಒರೆಸುತ್ತೇನೆ. ನೀರು ನಿಂತು ಆರಿದರೆ ತಾನೇ ಕಲೆ? ಹೊಳಪು ಬೇಕಾದರೆ ಎರಡು ಹನಿ ಕೊಬ್ಬರಿ ಎಣ್ಣೆ ಸವರಿದರೆ ಸಾಕು.

ತುಕ್ಕಿನ ಚುಕ್ಕೆಗಳು ನಿಂಬೆರಸಕ್ಕೆ ಹೋದವು. ಗುಳಿಗಳು ಹೋಗಿಲ್ಲ, ಹೋಗುವುದೂ ಇಲ್ಲ. ನಾದಿನಿ ಬಂದಾಗ ಸಿಂಕಿನ ತುಂಬಾ ಪಾತ್ರೆ ಪೇರಿಸಿಟ್ಟಿದ್ದೆ.