ಕಳೆ ಮದ್ದು ಹೊಡೆದದ್ದು ಕಾಡಿಗೆ, ಹೋದದ್ದು ಮೆಣಸಿನ ಬಳ್ಳಿ

ನೆರಳಿನ ಮರ ಸಿಲ್ವರ್ ಓಕ್, ಕಾಫಿ ಸಸಿ ನೆಡಲು ಪಾಳು ಜಾಗ ಹಸನು ಮಾಡುತ್ತಿರುವವರು ಪಂಪ್ ಬೆನ್ನಿಗೇರಿಸುವ ಮೊದಲು ಇದನ್ನು ಓದಿ. ಕಳೆದ ವರ್ಷ ಸೋಮವಾರಪೇಟೆ ಕಡೆಯ ಎರಡು ಎಕರೆ ಇಳಿಜಾರಿನಲ್ಲಿ ಲಂಟಾನ ಎಂಬ ಕಳೆ ಪೊದೆ ಸಾಯಲಿಲ್ಲ, ಹೊಸ ಸಸಿ ಸುರುಟಿದವು, ಅಂಚಿನ ಹಳೇ ಮರಗಳ ಮೇಲಿದ್ದ ಕಾಳುಮೆಣಸು ಹಾಳಾಯಿತು. ಮದ್ದು ನಕಲಿಯೇನಲ್ಲ, ಗ್ಲೈಫೋಸೇಟ್ 41 ಎಸ್‌ಎಲ್ (ಶೇ 41ರ ದ್ರಾವಣ). ಹೊಡೆದ ರೀತಿಯೇ ತಪ್ಪು.

ಜಾಗದವರು ಏಪ್ರಿಲ್‌ನಲ್ಲಿ ಕಾಡು, ಅಂದರೆ ಕಳೆ ಪೊದೆ, ಸವರಿ ಮೂರನೇ ದಿನಕ್ಕೇ ಹೊಡೆದರು. ಈ ಮದ್ದು ಹಸಿರೆಲೆಯಿಂದ ಒಳಗಿಳಿದು ಬೇರಿಗೆ ಹೋಗಬೇಕು. ಬರೀ ಕೂಳೆಗೆ ಹೊಡೆದರೆ ನೆಲಕ್ಕೆ ಸುರಿದಂತೆ. ಚಿಗುರು ಮೊಣಕಾಲೆತ್ತರ ಬರಲಿ, ಹೊಡೆದ ಮೇಲೆ ಎರಡು ವಾರ ಕತ್ತಿ ತಾಗಿಸಬೇಡಿ. ಲಂಟಾನದ ದಪ್ಪ ಬುಡವನ್ನಂತೂ ಗುದ್ದಲಿ ಹಾಕಿ ಕೀಳುವುದೇ ಸೈ.

ನೀರು ಹೊತ್ತದ್ದು ಕೆರೆಯಿಂದ, ಮಳೆ ಬಿದ್ದು ಕದಡಿದ ಟೀ ಬಣ್ಣದ ನೀರು. ಗ್ಲೈಫೋಸೇಟ್ ಮಣ್ಣಿನ ಕಣಕ್ಕೆ ಅಂಟಿತೆಂದರೆ ಮುಗಿಯಿತು, ಟ್ಯಾಂಕಿನೊಳಗೇ ಅದರ ಬಲ ಹೋಗುತ್ತದೆ. ಕಾಡು ಸಾಯದಿದ್ದಾಗ ಅಂಗಡಿಯವರು ಕೊಟ್ಟ ಸಲಹೆ, ‘ಇನ್ನೆರಡು ಮುಚ್ಚಳ ಜಾಸ್ತಿ ಹಾಕಿ’. ಜಾಸ್ತಿ ಹಾಕಿದರೆ ಎಲೆ ಬೇಗ ಸುಟ್ಟು ಮದ್ದು ಬೇರಿಗೆ ಇಳಿಯುವುದೇ ಇಲ್ಲ. ಲೇಬಲ್ ಲೆಕ್ಕ ಹೆಕ್ಟೇರಿಗೆ 2ರಿಂದ 3 ಲೀಟರ್. ಎಕರೆಗೆ 180 ಲೀಟರ್ ತಿಳಿನೀರು ಹಿಡಿದರೆ 16 ಲೀಟರ್ ಪಂಪಿಗೆ 100 ಮಿಲೀ ಸಾಕು, ಅದೂ ಅಳತೆ ಲೋಟದಲ್ಲಿ. ಅದೇ ಲೇಬಲ್‌ನಲ್ಲಿ ಚಹಾ ಮತ್ತು ಬೆಳೆಯಿಲ್ಲದ ಜಾಗ ಎಂದಿರುತ್ತದೆ, ಕಾಫಿಯ ಹೆಸರಿಲ್ಲ. ಹೊಡೆದ ಮೇಲೆ ಆರು ಗಂಟೆ ಮಳೆ ಬೀಳಬಾರದು. ಏಪ್ರಿಲ್‌ನಲ್ಲಿ ನಮ್ಮ ಕಡೆ ಮಧ್ಯಾಹ್ನದ ಮೇಲೆ ಯಾವ ನಂಬಿಕೆ? ಇಬ್ಬನಿ ಆರಿದ ಕೂಡಲೇ ಶುರು ಮಾಡಿ ಒಂಬತ್ತಕ್ಕೆ ಮುಗಿಸಬೇಕು.

ದೊಡ್ಡ ನಷ್ಟ ಆದದ್ದು ಸೆಪ್ಟೆಂಬರ್‌ನಲ್ಲಿ, ಮಳೆ ಬಿಡುವು ಕೊಟ್ಟಾಗ. ಜೂನ್‌ನಲ್ಲಿ ನೆಟ್ಟ ಸಸಿಗಳ ನಡುವೆ, ಹುಳದ ಮದ್ದು ಹೊಡೆಯುವ ನಾಜಲ್‌ನಲ್ಲೇ ಕಳೆ ಮದ್ದು ಹೊಡೆಸಿದರು. ಅದು ಮಂಜಿನಂತೆ ಹಾರುವ ಸಣ್ಣ ಹನಿ. ಎಳೇ ಸಿಲ್ವರ್ ಓಕ್‌ನ ಹಸಿರು ಕಾಂಡವೂ ಮದ್ದು ಕುಡಿಯುತ್ತದೆ. ದಪ್ಪ ಹನಿ ಬೀಳಿಸುವ ಫ್ಲಡ್ ಜೆಟ್ ನಾಜಲ್, ಹನಿ ಹಾರದಂತೆ ಅದಕ್ಕೊಂದು ಪ್ಲಾಸ್ಟಿಕ್ ಹುಡ್ (ಮುಚ್ಚಿಗೆ) ಇಲ್ಲದೆ ಸಸಿಗಳ ಮಧ್ಯೆ ಪಂಪ್ ಒಯ್ಯಲೇಬಾರದು. ಹುಡ್ ಇದ್ದರೂ ಸಸಿ ಸುತ್ತ ಎರಡಡಿ ಕಳೆಯನ್ನು ಕೈಯಿಂದಲೇ ಕೀಳಬೇಕು.

ಮೆಣಸಿನ ಕಥೆ ಬೇರೆ. ಮಳೆಗಾಲದಲ್ಲಿ ಬುಡದಿಂದ ಹಂಬುಗಳು ನೆಲದ ಮೇಲೆ ಹರಿದು ಹುಲ್ಲಿನಡಿ ಸೇರಿಕೊಂಡಿರುತ್ತವೆ. ಹುಲ್ಲಿಗೆ ಹೊಡೆದ ಮದ್ದು ಹಂಬಿಗೆ ಬಿದ್ದು, ಅಲ್ಲಿಂದ ತಾಯಿಬಳ್ಳಿಗೆ ಏರಿತು. ಹದಿನೈದಿಪ್ಪತ್ತು ದಿನದ ಮೇಲೆ ಹೊಸ ಚಿಗುರು ಬಿಳಿಚಿಕೊಂಡು, ಎಲೆ ಹುಲ್ಲಿನ ಹಾಗೆ ಸಪೂರವಾಗಿ ಗೆಣ್ಣಿಗೊಂದು ಕುಚ್ಚು ಕಟ್ಟಿತು. ಸೊರಗು ರೋಗವೆಂದು ತಿಳಿದು ಬುಡಕ್ಕೆ ಬೋರ್ಡೋ (ಮೈಲುತುತ್ತ, ಸುಣ್ಣದ ದ್ರಾವಣ) ಸುರಿದದ್ದೇ ಸುರಿದದ್ದು! ಸೊರಗು ಬಂದರೆ ಎಲೆಯಲ್ಲಿ ಕಪ್ಪು ಮಚ್ಚೆ ಎದ್ದು, ಬುಡ ಕೊಳೆತು ಎಲೆ ಉದುರುತ್ತದೆ. ಇಲ್ಲಿ ಬುಡ ಕೆರೆದು ನೋಡಿದರೆ ಹಸಿರಾಗಿ ಗಟ್ಟಿಯಾಗಿಯೇ ಇತ್ತು. ಮೆಣಸಿರುವ ಮರದ ಸುತ್ತ ಹೊಡೆಯಲೇಬೇಕೆಂದಿದ್ದರೆ ಮೊದಲು ಹಂಬನ್ನೆಲ್ಲ ಎತ್ತಿ ಮರಕ್ಕೆ ಸುತ್ತಿ ಕಟ್ಟಿ, ಇಲ್ಲವೇ ಕತ್ತರಿಸಿ ತೆಗೆಯಿರಿ.

ಇಳಿಜಾರಿನಲ್ಲಿ ಪೂರ್ತಿ ಬೋಳು ಮಾಡುವ ಆಸೆಯೂ ಬೇಡ. ಗುಂಡಿಯ ಸುತ್ತ ಮಾತ್ರ ತೆಗೆದು, ಸಾಲುಗಳ ನಡುವೆ ಅಡ್ಡಪಟ್ಟಿಯಾಗಿ ಹುಲ್ಲು ಬಿಡಿ. ಈ ಎರಡು ಎಕರೆಯ ಮೇಲ್ಮಣ್ಣು ಮುಂಗಾರಿಗೇ ಕೆಳಗಿನ ಗದ್ದೆ ಸೇರಿತು, ಈಗ ಬೋಳಾದ ಇಳಿಜಾರಿನಲ್ಲಿ ಮೈಕೇನಿಯಾ ಎಂಬ ಕಳೆ ಬಳ್ಳಿ ಹಬ್ಬಿದೆ.